ನಾಲ್ಕನೆಯ ದಾನ

ಕನ್ನಡನಾಡಿನ ಹಳೆಯ ಶಾಸನಗಳಲ್ಲಿ ಜಿನಭಕ್ತರಾದ ದಾನಿಗಳ ಗುಣಗಳನ್ನು ಹೊಗಳುವಾಗ ಆಹಾರ, ಅಭಯ, ಭೈಷಜ್ಯ, ಶಾಸ್ತ್ರ ಎಂಬ ನಾಲ್ಕು ದಾನಗಳ ಹೆಸರು ಒಂದೇ ಸಮಾಸದಲ್ಲಿ ಹೆಣೆದುಕೊಂಡು ಮತ್ತೆ ಮತ್ತೆ ಬರುವುದನ್ನು ಶಾಸನಪಾಠಗಳ ಪರಿಚಯವುಳ್ಳವರೆಲ್ಲರೂ ಬಲ್ಲರು. ಮೊದಲಿನ ಮೂರು ದಾನಗಳಿಗೆ ವಿವರಣೆಯೇ ಬೇಡ. ಹಸಿದವನ ಮುಖವನ್ನು ಕಂಡರೆ ಅನ್ನದ ಅಗತ್ಯ ತಿಳಿಯುವುದು. ಪ್ರಾಣಭಯದಿಂದ ಓಡಿಬಂದವನ ಉಸಿರೇ ಅಭಯವನ್ನು ಬೇಡುವುದು. ನರಳುವವನ ಮಗ್ಗುಲಲ್ಲಿ ಕುಳಿತವನಿಗೆ ಔಷಧದ ಬೆಲೆಯನ್ನು ಯಾರೂ ಬೋಧಿಸಬೇಕಾದುದಿಲ್ಲ. ಆದರೆ ಪುಸ್ತಕವಿಲ್ಲದವನ ಮುಖದಲ್ಲಿ ಅಂತಹ ಚಿಹ್ನೆಯೊಂದೂ ತೋರದು. ಪುಸ್ತಕದ ಸಂಗವಿಲ್ಲದೆಯೇ ಉಂಡು, ದುಡಿದು, ಮಕ್ಕಳನ್ನು ಸಾಕಿ, ಸಜ್ಜನರೆನಿಸಿಕೊಂಡು ಕಣ್ಣುಮುಚ್ಚಿದವರು ಎಲ್ಲ ಕಾಲಗಳಲ್ಲಿಯೂ ಅಸಂಖ್ಯರು. ಹೀಗಿದ್ದೂ ನಮ್ಮ ಪೂರ್ವಿಕರು ಓಲೆಗರಿಯ ಕಟ್ಟೊಂದನ್ನು ಅನ್ನದ ಪಕ್ಕದಲ್ಲಿ, ಅದಕ್ಕೆ ಸರಿಸಮನಾದ ಧರ್ಮವೆಂದು ಭಾವಿಸಿ, ಇರಿಸಿದರಷ್ಟೆ; ಅವರು ಮನುಷ್ಯನಲ್ಲಿ ಯಾವ ಕೊರತೆಯನ್ನು ಕಂಡು ಹಾಗೆ ಮಾಡಿದರು ಎಂಬುದೇ ಇಲ್ಲಿ ವಿಚಾರಿಸಬೇಕಾಗಿರುವ ಪ್ರಶ್ನೆ.

ಅತ್ತಿಮಬ್ಬೆಯ ವೃತ್ತಾಂತವನ್ನು ನೆನೆದಾಗ ಈ ಪ್ರಶ್ನೆ ಇನ್ನೂ ಗಹನವಾಗುವುದು. ಯುದ್ಧದಲ್ಲಿ ಪತಿಯನ್ನು ಕಳೆದುಕೊಂಡು ವ್ರತನಿಷ್ಠಳಾಗಿ ಬಾಳಿದವಳು, ರನ್ನನಿಂದ 993ರಲ್ಲಿ ಅಜಿತಪುರಾಣವನ್ನು ಬರೆಯಿಸಿದವಳು, ಲಕ್ಕುಂಡಿಯಲ್ಲಿ ಬಸದಿಯನ್ನೆತ್ತಿಸಿದವಳು ಆದ ಆ ಮಹಾತಾಯಿ, ಪೊನ್ನನ ಶಾಂತಿಪುರಾಣವನ್ನು ಸಾವಿರ ಪ್ರತಿಗಳಾಗಿ ಬರೆಯಿಸಿ ಹಂಚಿದಳೆಂಬುದು ಪ್ರಸಿದ್ಧವಾದ ಸಂಗತಿ. ಅಚ್ಚಿನ ಯಂತ್ರವಿಲ್ಲದ ಕಾಲದಲ್ಲಿ ಸಾವಿರ ಪ್ರತಿಯೆಂದರೇನೆಂಬುದನ್ನು ನಾವು ಸ್ವಲ್ಪ ನಿಂತು ಯೋಚಿಸಬೇಕು: ಗರಿಗಳನ್ನು ಹದಗೊಳಿಸಿ, ಒಂದೊಂದಕ್ಷರವನ್ನೂ ಕಂಠದಿಂದ ಕೊರೆದು, ಮಸಿಯನ್ನು ತೀಡಿ, ರಂಧ್ರದಲ್ಲಿ ದಾರವನ್ನು ಪೋಣಿಸಿ, ಹಲಗೆಗಳ ನಡುವೆ ಕಟ್ಟಿ, ಹೀಗೆ ಸಾವಿರ ಸಾರಿ. ಇಷ್ಟು ಶ್ರಮದಿಂದ ಆಕೆ ಹಂಚಿದ ಗ್ರಂಥವಾದರೋ ತರ್ಕವಲ್ಲ, ಸಿದ್ಧಾಂತವಲ್ಲ, ಆಚಾರಸಂಹಿತೆಯೂ ಅಲ್ಲ. ಹದಿನಾರನೆಯ ತೀರ್ಥಂಕರನ ಭವಾವಳಿಯನ್ನು ಹೇಳುವ ಕಾವ್ಯ, ಎಂದರೆ ಕಥೆ. ಶಾಸ್ತ್ರದಾನವೆಂಬ ಹೆಸರಿನಲ್ಲಿ ಅಂದು ಕೈಯಿಂದ ಕೈಗೆ ಸಂದುದು ಒಂದು ಕಥೆ.

ಇಂದು ತಿಳಿಯುವ ಹಂಬಲವುಳ್ಳ ಓದುಗನೊಬ್ಬನ ಮನೆಯ ಕಪಾಟನ್ನು ತೆರೆದರೆ, ಅಲ್ಲಿ ಕಾದಂಬರಿಯ ಪಕ್ಕದಲ್ಲಿ ಖಗೋಳವಿಜ್ಞಾನ, ಪ್ರವಾಸಕಥನದ ಪಕ್ಕದಲ್ಲಿ ಗೀತಾಭಾಷ್ಯ, ಆತ್ಮಚರಿತ್ರೆಯ ಪಕ್ಕದಲ್ಲಿ ಹಕ್ಕಿಗಳನ್ನು ಕುರಿತ ಗ್ರಂಥ, ಹೀಗೆ ಒಂದಕ್ಕೊಂದು ನಂಟಿಲ್ಲದಂತೆ ತೋರುವ ಪುಸ್ತಕಗಳು ಬೆರೆತು ಕುಳಿತಿರುವುವು. ನಡೆದುದನ್ನು ಹೇಳುವ ಪುಸ್ತಕಗಳು ಕೆಲವು, ನಡೆಯದುದನ್ನು ಹೇಳುವುವು ಕೆಲವು. ಅವನು ಒಂದೇ ರಾತ್ರಿಯಲ್ಲಿ ಒಂದರಿಂದ ಇನ್ನೊಂದಕ್ಕೆ ಹಾಯುವನು. ಇದು ಬುದ್ಧಿಯ ವಿನೋದಮಾತ್ರವೋ, ಅಥವಾ ಇದರಿಂದ ಜೀವಕ್ಕೆ ಏನಾದರೂ ಶ್ರೇಯಸ್ಸುಂಟೋ? ಧರ್ಮದ ದೃಷ್ಟಿಯಿಂದ ಈ ಬಹುಶ್ರುತತ್ವವನ್ನು ಗುಣವೆನ್ನಬೇಕೆ, ಚಾಂಚಲ್ಯವೆನ್ನಬೇಕೆ?

ಚಾಂಚಲ್ಯವೆನ್ನುವವರ ಪಕ್ಷ ದುರ್ಬಲವಾದುದಲ್ಲ. ಅದನ್ನು ಗೌರವದಿಂದಲೇ ಕೇಳಬೇಕು. ಬೃಹದಾರಣ್ಯಕವು ಪರತತ್ತ್ವವನ್ನು ಅರಿತವನು ಬಹುಶಬ್ದಗಳನ್ನು ಚಿಂತಿಸುತ್ತ ಕೂರಬಾರದೆಂದೂ ಅದು ವಾಕ್ಕಿಗೆ ಬಳಲಿಕೆಯೆಂದೂ ಎಚ್ಚರಿಸುತ್ತದೆ. ಮುಂಡಕವು ನಾಲ್ಕು ವೇದಗಳನ್ನೂ ಆರು ಅಂಗಗಳನ್ನೂ ಒಟ್ಟಾಗಿ ಅಪರಾವಿದ್ಯೆಯ ಪಟ್ಟಿಯಲ್ಲಿ ಸೇರಿಸಿಬಿಟ್ಟು, ಅಕ್ಷರವಸ್ತುವನ್ನು ದೊರಕಿಸುವ ವಿದ್ಯೆ ಬೇರೊಂದೆನ್ನುತ್ತದೆ; ವೇದವೇ ತನ್ನನ್ನು ಹೀಗೆ ಕೆಳಗಿನ ಮೆಟ್ಟಿಲಲ್ಲಿರಿಸಿಕೊಂಡ ಧೈರ್ಯ ಮತಗ್ರಂಥಗಳ ಇತಿಹಾಸದಲ್ಲಿಯೇ ಅಪೂರ್ವವಾದುದು. ನಮ್ಮ ವಚನಕಾರರಲ್ಲಿ, ವಿಶೇಷವಾಗಿ ಅಲ್ಲಮಪ್ರಭುವಿನಲ್ಲಿ, ಓದಿನ ಗರ್ವವನ್ನು ಕುರಿತ ನಿಷ್ಠುರತೆ ಎಷ್ಟೆಂಬುದನ್ನು ಕನ್ನಡಿಗರಿಗೆ ಹೊಸದಾಗಿ ಹೇಳಬೇಕಾದುದಿಲ್ಲ. ಆದರೂ ಒಂದು ಸಂಗತಿಯನ್ನು ಮರೆಯುವಂತಿಲ್ಲ. ಆ ಶರಣರು ಹೋಗಿ ಶತಮಾನಗಳಾದ ಮೇಲೆ, ಚದುರಿದ್ದ ವಚನಗಳನ್ನು ಉಳಿಸಿಕೊಳ್ಳಬೇಕೆಂದು ಶಿವಗಣಪ್ರಸಾದಿ ಮಹಾದೇವಯ್ಯನು ಹೊರಟಾಗ, ಅವನು ಹಿಡಿದ ಮಾರ್ಗ ಯಾವುದು? ಅಲ್ಲಮನನ್ನು ನಾಯಕನನ್ನಾಗಿಸಿ, ಮುಕ್ತಾಯಕ್ಕ, ಸಿದ್ಧರಾಮ, ಬಸವಣ್ಣ, ಮಹಾದೇವಿಯಕ್ಕ ಇವರೊಡನೆ ಅಲ್ಲಮನು ನಡೆಸಿದ ಸಂವಾದಗಳನ್ನು ಪ್ರಸಂಗ ಪ್ರಸಂಗವಾಗಿ ಜೋಡಿಸಿ, ಶೂನ್ಯಸಂಪಾದನೆಯೆಂಬ ಗ್ರಂಥವನ್ನೇ ಕಟ್ಟಿದನು. ಮಾತಿಗೆ ನಿಲುಕದ ವಸ್ತುವನ್ನು ಮುಂದಿನವರಿಗೆ ಮುಟ್ಟಿಸುವುದಕ್ಕೆ ಪುಸ್ತಕವೂ ಬೇಕಾಯಿತು, ಆ ಪುಸ್ತಕದೊಳಗೆ ಕಥೆಯೂ ಬೇಕಾಯಿತು.

ಓದನ್ನು ತಿರಸ್ಕರಿಸುವ ವಿಪರೀತ ಒಂದಾದರೆ, ಪುಸ್ತಕವನ್ನು ಪೂಜಿಸಿ ಸುಮ್ಮನಾಗುವ ವಿಪರೀತ ಇನ್ನೊಂದು. ದಿಗಂಬರ ಜೈನಾಗಮದ ಅತ್ಯಂತ ಪೂಜ್ಯವಾದ ಸಿದ್ಧಾಂತಗ್ರಂಥಗಳು, ಧವಲಾ ಜಯಧವಲಾದಿಗಳು, ಕನ್ನಡ ಲಿಪಿಯ ತಾಳೆಯೋಲೆಗಳಲ್ಲಿ ಮೂಡಬಿದಿರೆಯ ಬಸದಿಯಲ್ಲಿ ಶತಮಾನಗಳ ಕಾಲ ಸುರಕ್ಷಿತವಾಗಿದ್ದುವು. ದೂರದೂರದಿಂದ ಬಂದ ಯಾತ್ರಿಕರು ಅವುಗಳ ದರ್ಶನವನ್ನು ಪಡೆದು, ಕೈಮುಗಿದು, ಧನ್ಯರಾದೆವೆಂದು ಹಿಂದಿರುಗುತ್ತಿದ್ದರು. ಪ್ರತಿ ಮಾಡಿಸುವ ಕೆಲಸ ಮೊದಲಾದುದು ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ. ಷಟ್ಖಂಡಾಗಮವು ಧವಲಾ ಟೀಕೆಯೊಡನೆ ಹೀರಾಲಾಲ ಜೈನರ ಸಂಪಾದಕತ್ವದಲ್ಲಿ ಅಚ್ಚಾಗಿ ಬರತೊಡಗಿದುದು 1939ರಲ್ಲಿ. ಓಲೆಗಳನ್ನು ಹುಳುವಿಗೂ ಶತ್ರುವಿಗೂ ಕೊಡದೆ ಕಾಪಾಡಿದ ಆ ಭಕ್ತಿಗೆ ನಾನು ತಲೆಬಾಗುವೆನು. ಅದಿಲ್ಲದಿದ್ದರೆ ಅಚ್ಚುಮಾಡುವುದಕ್ಕೆ ಏನೂ ಉಳಿದಿರುತ್ತಿರಲಿಲ್ಲ. ಆದರೆ ಕರ್ಮಬಂಧದ ಸ್ವರೂಪವನ್ನು ಅಷ್ಟು ಸೂಕ್ಷ್ಮವಾಗಿ ವಿಂಗಡಿಸಿದ ವೀರಸೇನಾಚಾರ್ಯನು, 816ರ ಹೊತ್ತಿಗೆ ಧವಲಾ ಎಂಬ ತನ್ನ ಮಹಾಟೀಕೆಯನ್ನು ಮುಗಿಸಿದಾಗ, ಅದನ್ನು ಕಣ್ಣಿಗೊತ್ತಿಕೊಳ್ಳುವವರಿಗಾಗಿ ಬರೆದಿದ್ದನೆ? ಓದುಗನ ಬುದ್ಧಿಯಲ್ಲಿ ಮತ್ತೊಮ್ಮೆ ಹುಟ್ಟದ ಪುಸ್ತಕವು ದಾನವಾಗಿ ಇನ್ನೂ ಸಂದಂತಾಗಲಿಲ್ಲ.

ಹಾಗಾದರೆ ಓದಬೇಕು, ಏನನ್ನು ಓದಬೇಕು? ಶಾಸ್ತ್ರವನ್ನು ಓದುವುದು ಸರಿ, ಅದರಲ್ಲಿ ಪ್ರಮಾಣವುಂಟು. ಕಟ್ಟುಕಥೆಯಿಂದ ಏನು ಪ್ರಯೋಜನವೆಂದು ಗಂಭೀರಸ್ವಭಾವದವರು ಕೇಳುವುದುಂಟು. ಈ ಆಕ್ಷೇಪ ನಮ್ಮಲ್ಲಿ ಬಹು ಪ್ರಾಚೀನವಾದುದು, ಮತ್ತು ಅದು ಎದ್ದುದು ವೇದವನ್ನೇ ಕುರಿತು. ವೇದಕ್ಕೆ ಕರ್ಮದಲ್ಲಿಯೇ ತಾತ್ಪರ್ಯವೆಂದಾದರೆ, ಯಾವ ಕರ್ಮವನ್ನೂ ವಿಧಿಸದೆ ಬರಿದೆ ಕಥೆ ಹೇಳುವ ವೇದವಾಕ್ಯಗಳ ಗತಿಯೇನೆಂಬ ಪೂರ್ವಪಕ್ಷವನ್ನು ಮೀಮಾಂಸಾಸೂತ್ರಕಾರನಾದ ಜೈಮಿನಿಯು ತಾನೇ ಎತ್ತಿಕೊಳ್ಳುತ್ತಾನೆ. ಪ್ರಜಾಪತಿಯು ತನ್ನ ವಪೆಯನ್ನು, ಎಂದರೆ ಹೊಟ್ಟೆಯ ಕೊಬ್ಬನ್ನು, ತಾನೇ ಕಿತ್ತು ಅಗ್ನಿಯಲ್ಲಿ ಹೋಮಮಾಡಲು ಅದರಿಂದ ಕೊಂಬಿಲ್ಲದ ಆಡು ಹುಟ್ಟಿತೆಂಬ ಕಥೆ ಅಂತಹದೊಂದು. ಇದು ನಡೆದಿರಲು ಸಾಧ್ಯವೆ? ಜೈಮಿನಿಯ ಭಾಷ್ಯಕಾರನಾದ ಶಬರಸ್ವಾಮಿಯು ಆ ಇಕ್ಕಟ್ಟಿನಿಂದ ನುಣುಚಿಕೊಳ್ಳುವುದಿಲ್ಲ; ನಡೆಯದಿದ್ದುದನ್ನೇ ಇಲ್ಲಿ ಹೇಳಿದೆಯೆಂದು ಒಪ್ಪಿಕೊಂಡು, ಆ ಕಥೆಯ ಕೆಲಸವು ವೃತ್ತಾಂತವನ್ನು ತಿಳಿಸುವುದಲ್ಲ, ಕರ್ತವ್ಯದಲ್ಲಿ ಮನಸ್ಸಿಗೆ ರುಚಿಯನ್ನು ಹುಟ್ಟಿಸುವುದು, ಆದುದರಿಂದ ವಿಧಿವಾಕ್ಯದೊಡನೆ ಸೇರಿ ಅದೂ ಪ್ರಮಾಣವೆಂದು ನಿರ್ಣಯಿಸುತ್ತಾನೆ. ಅಪೌರುಷೇಯವೆಂದು ತಾನು ನಂಬಿದ ಗ್ರಂಥದಲ್ಲಿ ಕಲ್ಪಿತಕ್ಕೂ ಒಂದು ಸ್ಥಾನವುಂಟೆಂದು ಇಷ್ಟು ನಿರ್ಭಯವಾಗಿ ಹೇಳಿದ ಆಸ್ತಿಕನನ್ನು ನೆನೆದಾಗಲೆಲ್ಲ ನನಗೆ ಹೆಮ್ಮೆಯುಂಟಾಗುತ್ತದೆ. ಮುಂದೆ ಹನ್ನೊಂದನೆಯ ಶತಮಾನದ ಕಾಶ್ಮೀರದಲ್ಲಿ ಮಮ್ಮಟನು ಇದೇ ವಿಚಾರವನ್ನು ಬೆಳೆಸಿ, ವೇದವು ಒಡೆಯನಂತೆ ಆಜ್ಞಾಪಿಸುವುದು, ಪುರಾಣೇತಿಹಾಸಗಳು ಮಿತ್ರನಂತೆ ತಿಳಿಯಹೇಳುವುವು, ಕಾವ್ಯವು ಕಾಂತೆಯಂತೆ ಸರಸದಿಂದ ಒಲಿಸಿಕೊಳ್ಳುವುದು ಎಂದು ಮೂರು ಬಗೆಯ ಉಪದೇಶವನ್ನು ಎಣಿಸಿದನು. ಗ್ರೀಕರಲ್ಲಿ ಪ್ಲೇಟೋ ತನ್ನ ಆದರ್ಶರಾಜ್ಯದಿಂದ ಕವಿಯನ್ನು ಹೊರಗಿಟ್ಟುದೂ, ಅವನ ಶಿಷ್ಯನಾದ ಅರಿಸ್ಟಾಟಲನು ಚರಿತ್ರೆಗಿಂತ ಕಾವ್ಯವೇ ತತ್ತ್ವಕ್ಕೆ ಹೆಚ್ಚು ಹತ್ತಿರವೆಂದು ಸಾಧಿಸಿದುದೂ ಎಲ್ಲರಿಗೂ ತಿಳಿದುದೇ, ಅದನ್ನು ವಿಸ್ತರಿಸಬೇಕಾದುದಿಲ್ಲ.

ಜೈನರ ವಿಭಾಗ ಈ ಎಲ್ಲಕ್ಕಿಂತ ನನಗೆ ಹೆಚ್ಚು ಪ್ರಿಯವಾದುದು. ದಿಗಂಬರ ಪರಂಪರೆಯು ಸಮಸ್ತ ಶ್ರುತವನ್ನೂ ನಾಲ್ಕು ಅನುಯೋಗಗಳಾಗಿ ಹಂಚಿದೆ: ಮಹಾಪುರುಷರ ಚರಿತೆಗಳು ಪ್ರಥಮಾನುಯೋಗ, ಲೋಕದ ರಚನೆಯನ್ನೂ ಗಣಿತವನ್ನೂ ಹೇಳುವುದು ಕರಣಾನುಯೋಗ, ಆಚಾರವನ್ನು ಹೇಳುವುದು ಚರಣಾನುಯೋಗ, ದ್ರವ್ಯತತ್ತ್ವಗಳ ವಿಚಾರ ದ್ರವ್ಯಾನುಯೋಗ. ಕಥೆ, ಭೂಗೋಳ ಖಗೋಳ, ನೀತಿ, ದರ್ಶನ ಇವು ನಾಲ್ಕೂ ಶಾಸ್ತ್ರವೇ, ಮತ್ತು ಮೊದಲನೆಯ ಸ್ಥಾನ ಕಥೆಗೆ. ಕನ್ನಡ ಗದ್ಯದ ಪ್ರಾಚೀನ ರತ್ನವಾದ ವಡ್ಡಾರಾಧನೆಯ ಹತ್ತೊಂಬತ್ತು ಕಥೆಗಳು, ದುಸ್ಸಹವಾದ ಉಪಸರ್ಗಗಳ ನಡುವೆ ಸಮಾಧಿಮರಣವನ್ನು ಪಡೆದ ಧೀರರವು, ಬೆಳೆದುದು ಈ ನಂಬಿಕೆಯ ನೆಲದಲ್ಲಿಯೇ. 941ರ ಒಂದೇ ವರ್ಷದ ಆಸುಪಾಸಿನಲ್ಲಿ ಆದಿಪುರಾಣವನ್ನೂ ವಿಕ್ರಮಾರ್ಜುನವಿಜಯವನ್ನೂ ರಚಿಸಿದ ಪಂಪನು, ಒಂದರಲ್ಲಿ ಜಿನಾಗಮವನ್ನು, ಇನ್ನೊಂದರಲ್ಲಿ ಲೌಕಿಕವನ್ನು ಬೆಳಗುವೆನೆಂದು ತಾನೇ ಹೇಳಿಕೊಂಡಿರುವನಷ್ಟೆ. ಒಂದೇ ಹೃದಯದೊಳಗೆ ಎರಡು ಬೆಳಕಿಗೂ ಎಡೆಯಿದ್ದಿತು. ಮತ್ತೆ ನೂರು ವರ್ಷ ಕಳೆಯುವುದರೊಳಗೆ ಚಾವುಂಡರಾಯನ ಲೋಕೋಪಕಾರವು ಬಂದು, ಅಂತರ್ಜಲವನ್ನು ಗುರುತಿಸುವ ಬಗೆ, ಮರಗಿಡಗಳ ಆರೈಕೆ, ಅಡಿಗೆ, ಸುಗಂಧದ್ರವ್ಯ, ಚಿಕಿತ್ಸೆ ಇವನ್ನೆಲ್ಲ ಕನ್ನಡದಲ್ಲಿ ಹೇಳಿತು. ಅದೇ ಕಾಲಮಾನದಲ್ಲಿ ದುರ್ಗಸಿಂಹನ ಪಂಚತಂತ್ರವೂ ಬಂದಿತು. ಕಥೆಯೂ ವಿಜ್ಞಾನವೂ ನಮ್ಮ ನುಡಿಯಲ್ಲಿ ಜೊತೆಜೊತೆಯಾಗಿಯೇ ಬೆಳೆದುವು.

ಇಷ್ಟಾದರೂ ಮುಖ್ಯವಾದ ಪ್ರಶ್ನೆಗೆ ಉತ್ತರ ಬಂದಂತಾಗಲಿಲ್ಲ. ಹಿರಿಯರು ಎರಡನ್ನೂ ಗೌರವಿಸಿದರೆಂಬುದು ಸರಿ. ಎರಡೂ ಏಕೆ ಬೇಕು? ನನ್ನ ಅಭಿಪ್ರಾಯವನ್ನು ಸ್ಪಷ್ಟವಾಗಿ ಹೇಳಿಬಿಡುವುದಾದರೆ, ಎರಡೂ ಅಹಂಕಾರವನ್ನು ಸವೆಯಿಸುವ ಸಾಧನೆಗಳು. ಆದರೆ ಅವು ಅದನ್ನು ಸವೆಯಿಸುವ ಪಾರ್ಶ್ವಗಳು ಬೇರೆ. ಇರುವುದನ್ನು ಇರುವಂತೆ ಹೇಳುವ ಗ್ರಂಥವು ನಮ್ಮ ಇಷ್ಟಾನಿಷ್ಟಗಳನ್ನು ಮೀರಿದ ಜಗತ್ತೊಂದುಂಟೆಂಬುದನ್ನು ಕಲಿಸುತ್ತದೆ. ಕಲ್ಪಿತಕಥೆಯು ನಮ್ಮನ್ನು ಬಿಟ್ಟು ಬೇರೆ ಜೀವಗಳೂ ಉಂಟೆಂಬುದನ್ನು ಕಲಿಸುತ್ತದೆ. ಎರಡನ್ನೂ ನಾವು ಬಾಯಿಯಲ್ಲಿ ಒಪ್ಪುವೆವು. ಒಪ್ಪಿದ ಮೇಲೂ ದಿನವೆಲ್ಲ ಮರೆತಿರುವೆವು.

ಮೊದಲನೆಯದಕ್ಕೆ ಚಾರ್ಲ್ಸ್ ಡಾರ್ವಿನ್ನನ ಕೊನೆಯ ಪುಸ್ತಕವನ್ನು ಉದಾಹರಿಸುವೆನು. ಜೀವಜಾತಿಗಳ ಉಗಮವನ್ನು ಕುರಿತ ಅವನ ಗ್ರಂಥವನ್ನು ಲೋಕವೆಲ್ಲ ಬಲ್ಲುದು. ಆದರೆ ತಾನು ಸಾಯುವುದಕ್ಕೆ ಕೆಲವೇ ತಿಂಗಳ ಮೊದಲು, 1881ರಲ್ಲಿ, ಅವನು ಪ್ರಕಟಿಸಿದುದು ಎರೆಹುಳುಗಳನ್ನು ಕುರಿತ ಒಂದು ಪುಸ್ತಕ. ಅದೇ ವಿಷಯವನ್ನು ಕುರಿತು ಅವನು ಲಂಡನ್ನಿನ ಭೂವಿಜ್ಞಾನ ಸಂಘದ ಮುಂದೆ ಲೇಖನವೊಂದನ್ನು ಓದಿದುದು 1837ರಲ್ಲಿ. ನಡುವೆ ಕಳೆದುದು ನಾಲ್ವತ್ತನಾಲ್ಕು ವರ್ಷಗಳು. 1842ರಲ್ಲಿ ತನ್ನ ಮನೆಯ ಬಳಿಯ ಹುಲ್ಲುಗಾವಲಿನಲ್ಲಿ ಸೀಮೆಸುಣ್ಣದ ಕಲ್ಲಿನ ಚೂರುಗಳನ್ನು ಹರಡಿಸಿ, ಅವು ಎರೆಹುಳುಗಳು ಮೇಲೆತ್ತುವ ಮಣ್ಣಿನ ಕೆಳಗೆ ಎಷ್ಟು ಆಳಕ್ಕೆ ಇಳಿಯುವುವೆಂಬುದನ್ನು ನೋಡಲು ಇಪ್ಪತ್ತೊಂಬತ್ತು ವರ್ಷ ಕಾದು, 1871ರಲ್ಲಿ ಅಲ್ಲಿ ಕಂದಕವನ್ನು ತೋಡಿಸಿದನು. ಬಿಳಿಯ ಚೂರುಗಳ ಸಾಲು ಏಳು ಅಂಗುಲ ಕೆಳಗೆ ಸಿಕ್ಕಿತು. ಹುಳುಗಳಿಗೆ ಶ್ರವಣಶಕ್ತಿಯುಂಟೇ ಎಂದು ತಿಳಿಯಲು ಅವುಗಳ ಮುಂದೆ ಸೀಟಿಯನ್ನೂದಿಸಿದನು, ಮಂದ್ರಸ್ವರದ ಬಸೂನ್ ವಾದ್ಯವನ್ನು ನುಡಿಸಿಸಿದನು, ಅವು ಲಕ್ಷ್ಯಮಾಡಲಿಲ್ಲ. ಅವುಗಳಿದ್ದ ಕುಂಡವನ್ನೇ ಪಿಯಾನೋದ ಮೇಲಿರಿಸಿ ಸ್ವರವನ್ನು ಒತ್ತಿದಾಗ, ಕಂಪನವನ್ನು ತಿಳಿದು ಬಿಲದೊಳಕ್ಕೆ ಸರಿದುವು. ಕೀರ್ತಿಯ ಶಿಖರದಲ್ಲಿದ್ದ ವೃದ್ಧನೊಬ್ಬನು, ಕಾಲ ಕೆಳಗಿನ ಮಣ್ಣಿನಲ್ಲಿ ಹೊರಳುವ ಕಣ್ಣಿಲ್ಲದ ಜೀವಿಯ ಮುಂದೆ ಹೀಗೆ ವರ್ಷಾಂತರಗಳ ಕಾಲ ಶ್ರದ್ಧೆಯಿಂದ ಕುಳಿತುದನ್ನು ಓದುವಾಗ, ಇದಕ್ಕೆ ತಪಸ್ಸೆಂಬುದಲ್ಲದೆ ಬೇರೆ ಹೆಸರು ನನಗೆ ತೋರುವುದಿಲ್ಲ. ದೇವರ ವಿಷಯದಲ್ಲಿ ಡಾರ್ವಿನ್ನನು ಕೊನೆಯವರೆಗೂ ನಿಶ್ಚಯಕ್ಕೆ ಬಾರದವನಾಗಿದ್ದನು. ಆದರೆ ತನ್ನ ಆಸೆಯನ್ನು ವಸ್ತುವಿನ ಮೇಲೆ ಹೇರದೆ, ವಸ್ತುವು ತಾನಾಗಿ ತೋರುವವರೆಗೆ ತಾಳುವ ಆ ಸಂಯಮ, ಯಾವ ಮತದ ಸಾಧಕನಿಗಾದರೂ ಭೂಷಣವೇ ಸರಿ. ಆ ಪುಸ್ತಕವನ್ನು ನಿಧಾನವಾಗಿ ಓದಿದವನಲ್ಲಿ ಆ ಸಂಯಮದ ಒಂದಂಶವಾದರೂ ನೆಲೆಸದಿರದು.

ಎರಡನೆಯದಕ್ಕೆ ಟಾಲ್‌ಸ್ಟಾಯ್ 1886ರಲ್ಲಿ ಪ್ರಕಟಿಸಿದ ಇವಾನ್ ಇಲ್ಯಿಚ್‌ನ ಸಾವಿನ ಕಥೆಗಿಂತ ಉತ್ತಮವಾದ ನಿದರ್ಶನವನ್ನು ನಾನರಿಯೆ. ಇವಾನನು ನ್ಯಾಯಾಧಿಪತಿ, ವಿದ್ಯಾವಂತ. ಮನುಷ್ಯರೆಲ್ಲರೂ ಮರ್ತ್ಯರು, ಕೈಯಸನು ಮನುಷ್ಯ, ಆದುದರಿಂದ ಅವನೂ ಮರ್ತ್ಯನೆಂಬ ಅನುಮಾನವಾಕ್ಯವನ್ನು ತರ್ಕದ ಪಾಠಪುಸ್ತಕದಲ್ಲಿ ಎಳೆತನದಲ್ಲಿಯೇ ಕಲಿತವನು. ವ್ಯಾಪ್ತಿಯಲ್ಲಿ ದೋಷವಿಲ್ಲ, ಹೇತುವಿನಲ್ಲಿ ದೋಷವಿಲ್ಲ. ಆದರೆ ಮೃತ್ಯುವು ತನ್ನ ಹಾಸಿಗೆಯ ಬಳಿ ಬಂದು ನಿಂತಾಗ, ಆ ಅನುಮಾನವು ಯಾವನೋ ಒಬ್ಬ ಕೈಯಸನಿಗೆ ಸಲ್ಲುವುದು ಸರಿಯೇ ಹೊರತು, ತಾಯಿಯ ಕೈಹಿಡಿದು ಬೆಳೆದ ತನಗೆ ಸಲ್ಲುವುದು ಹೇಗೆಂದು ಅವನು ತತ್ತರಿಸುತ್ತಾನೆ. ಅವನ ತರ್ಕಜ್ಞಾನವು ಸುಳ್ಳಾಗಿರಲಿಲ್ಲ. ಅವನ ಜೀವಕ್ಕೆ ಅದು ಮುಟ್ಟಿರಲಿಲ್ಲ. ತರ್ಕಗ್ರಂಥವು ಹೇಳಲಾರದ ಅದನ್ನು ಕಥೆಯು ಹೇಳಿತು. ಇವಾನನೆಂಬುವನು ಎಂದೂ ಹುಟ್ಟಿರಲಿಲ್ಲ, ಆದುದರಿಂದ ಸತ್ತುದೂ ಇಲ್ಲ. ಆದರೂ ಅವನ ಮಂಚದ ಪಕ್ಕದಲ್ಲಿ ಕುಳಿತೆದ್ದ ಓದುಗನಿಗೆ ತನ್ನ ಮರಣವು ಮೊದಲಿಗಿಂತ ನಿಜವಾಗುತ್ತದೆ. ಯಮನ ಮನೆಗೆ ಹೋದ ಬಾಲಕನ ಕಥೆಯನ್ನು ಕಠೋಪನಿಷತ್ತು ಮೊದಲಿಗೇ ಇರಿಸಿಕೊಂಡುದು ಅಲಂಕಾರಕ್ಕಾಗಿ ಅಲ್ಲವೆಂಬುದು ಇದರಿಂದ ಸ್ಪಷ್ಟವಾಗುವುದು.

ಅನ್ಯನ ದುಃಖವು ನನ್ನದೆಂದೂ ಅಲ್ಲದೆ, ಅವನದೆಂದೂ ಅಲ್ಲದೆ, ಎಲ್ಲರದೂ ಆದ ದುಃಖವಾಗಿ ಸಹೃದಯನಲ್ಲಿ ತೋರುವ ಪ್ರಕ್ರಿಯೆಯನ್ನು ಭಟ್ಟನಾಯಕನು ಸಾಧಾರಣೀಕರಣವೆಂದು ಕರೆದನು. ಅಭಿನವಗುಪ್ತನು ಅದನ್ನು ಇನ್ನೂ ಆಳಕ್ಕೆ ಒಯ್ದನು. ಶಿವರಾಮ ಕಾರಂತರ ಚೋಮನ ದುಡಿಯನ್ನು 1933ರಲ್ಲಿ ಮೊದಲು ಓದಿದ ಕನ್ನಡಿಗರಲ್ಲಿ ಭೂಮಿಯ ಒಡೆಯರು ಹಲವರಿದ್ದಿರಬೇಕು. ಎತ್ತುಗಳಿದ್ದೂ, ತೋಳಿನಲ್ಲಿ ಬಲವಿದ್ದೂ, ಹುಟ್ಟಿದ ಜಾತಿಯೊಂದರ ಕಾರಣದಿಂದ ಅಂಗೈಯಗಲದ ಗದ್ದೆಯನ್ನೂ ಉಳಲಾರದೆ, ದುಡಿಯನ್ನು ಬಡಿದು ಬಡಿದು ಸಂಕಟವನ್ನು ತೀರಿಸಿಕೊಳ್ಳುವ ಚೋಮನ ಆಸೆಯನ್ನು, ಆ ಪುಟಗಳನ್ನು ಓದುವಷ್ಟು ಹೊತ್ತಾದರೂ, ಅವರು ತಮ್ಮ ಎದೆಯೊಳಗೆ ಹೊತ್ತಿರಬೇಕು. ಇದು ಅಲ್ಪಸಾಧನೆಯಲ್ಲ. ಮೈಸೂರಿನ ಮಹಾರಾಜಾ ಕಾಲೇಜಿನಲ್ಲಿ ಸಂಸ್ಕೃತವನ್ನು ಬೋಧಿಸಿದ ಎಂ. ಹಿರಿಯಣ್ಣನವರು, ಕಲಾನುಭವವನ್ನು ಕುರಿತು ತಾವು ಬರೆದ ಪ್ರಬಂಧಗಳಲ್ಲಿ, ರಸಾನುಭವವು ಸ್ವಾರ್ಥವನ್ನು ಮರೆಯಿಸುವುದರಲ್ಲಿ ಮೋಕ್ಷವನ್ನು ಹೋಲುವುದೆಂದು ಒಪ್ಪಿದರು. ಒಪ್ಪಿ, ಒಡನೆಯೇ, ಅದು ಹೊರಗಿನ ನಿಮಿತ್ತದಿಂದ ಬಂದುದಾದುದರಿಂದ ಆ ನಿಮಿತ್ತವು ಸರಿದೊಡನೆ ತಾನೂ ಸರಿಯುವುದೆಂದು ತಿಳಿಸಿದರು. ಆ ಎರಡನೆಯ ಮಾತನ್ನು ಕಾದಂಬರಿಪ್ರಿಯರು ಎಂದೂ ಮರೆಯಬಾರದು. ಚೋಮನಿಗಾಗಿ ಕಣ್ಣೀರು ಸುರಿಸಿ, ಪುಸ್ತಕವನ್ನು ಮುಚ್ಚಿ, ಅಂಗಳದಲ್ಲಿ ನಿಂತ ಆಳಿಗೆ ಹಿಂದಿನ ಸ್ವರದಲ್ಲಿಯೇ ಮಾತನಾಡುವುದು ಸಾಧ್ಯ, ಸಾಧ್ಯವಾಗಿಯೂ ಇದೆ.

ಆದುದರಿಂದಲೇ ಒಂದು ಬಗೆಯ ಓದು ಇನ್ನೊಂದನ್ನು ತಿದ್ದುತ್ತಿರಬೇಕೆಂದು ನಾನು ನಂಬಿರುವುದು. ಕಥೆಯನ್ನಷ್ಟೇ ಓದುವವನ ಕರುಣೆಯು ತನ್ನ ಸೊಗಸಿಗೆ ತಾನೇ ಮೆಚ್ಚಿಕೊಳ್ಳುವ ಅಪಾಯವುಂಟು. ಬಡ್ಡಿಯ ಲೆಕ್ಕ, ಗೇಣಿಯ ಕಾನೂನು, ಕ್ಷಾಮದ ಕಾರಣ ಇವನ್ನು ತಿಳಿಸುವ ಒಣಗ್ರಂಥವೊಂದು ಅವನ ಕರುಣೆಗೆ ಕೈಕಾಲುಗಳನ್ನು ಕೊಡುವುದು. ಲೆಕ್ಕವನ್ನಷ್ಟೇ ಓದುವವನಿಗೆ ಮನುಷ್ಯನು ಅಂಕಿಯಾಗಿ ಬಿಡುವನು; ಅಂಕಿಯ ಹಿಂದೆ ಮುಖವನ್ನು ಬರೆಯಬಲ್ಲುದು ಕಥೆ. ಈ ಎರಡನ್ನೂ ಒಂದೇ ಜನ್ಮದಲ್ಲಿ ಮಾಡಿದ ಮಹನೀಯರಾಗಿ ಶಿವರಾಮ ಕಾರಂತರು ನಮ್ಮ ಕಣ್ಣಮುಂದೆ ಇರುವರು. ಮಕ್ಕಳಿಗಾಗಿ ಮೂರು ಸಂಪುಟಗಳ ಬಾಲಪ್ರಪಂಚವನ್ನೂ ದೊಡ್ಡವರಿಗಾಗಿ ನಾಲ್ಕು ಸಂಪುಟಗಳ ವಿಜ್ಞಾನ ಪ್ರಪಂಚವನ್ನೂ ಕೊಟ್ಟ ಕೈಯೇ 1968ರಲ್ಲಿ ಮೂಕಜ್ಜಿಯ ಕನಸುಗಳನ್ನೂ ಕೊಟ್ಟಿತು. ದೇವರು, ಕಾಮ, ಮರಣ, ಸಂನ್ಯಾಸ ಇವನ್ನು ಕುರಿತು ಮನುಷ್ಯನು ಸಹಸ್ರಾರು ವರ್ಷಗಳಿಂದ ಕಟ್ಟಿಕೊಂಡು ಬಂದ ನಂಬಿಕೆಗಳ ಚರಿತ್ರೆಯನ್ನು ಹೇಳಬೇಕಾದಾಗ, ಕಾರಂತರು ಮಾನವಶಾಸ್ತ್ರದ ಪ್ರಬಂಧವನ್ನು ಬರೆಯಬಹುದಾಗಿತ್ತು. ಅದಕ್ಕೆ ಬೇಕಾದ ವ್ಯಾಸಂಗ ಅವರಲ್ಲಿ ಧಾರಾಳವಾಗಿತ್ತು. ಅವರು ಅದನ್ನು ಮೂಡೂರಿನ ಬಾಲವಿಧವೆಯಾದ ಮುದುಕಿಯೊಬ್ಬಳ ಬಾಯಿಂದ, ಅವಳ ಮೊಮ್ಮಗನಾದ ಸುಬ್ಬರಾಯನ ಕಿವಿಗೆ ಹೇಳಿಸಿದರು. ಹಳೆಯ ವಸ್ತುವೊಂದನ್ನು ಅವಳ ಕೈಯಲ್ಲಿಟ್ಟರೆ ಅದು ಹಾದುಬಂದ ಕಾಲವು ಅವಳಿಗೆ ಕಾಣುವುದು. ವಿಜ್ಞಾನವನ್ನು ಬರೆದ ಲೇಖಕನು ಇಂತಹ ಅಲೌಕಿಕ ಶಕ್ತಿಯನ್ನು ಪಾತ್ರಕ್ಕೆ ಕೊಡಬಹುದೆ ಎಂದು ಶಂಕಿಸುವವರುಂಟು. ನನಗೆ ಅದರಲ್ಲಿ ವಿರೋಧವೇನೂ ಕಾಣುವುದಿಲ್ಲ. ಒಂದು ಎಲುಬನ್ನೋ ಹೆಂಚಿನ ತುಣುಕನ್ನೋ ಕೈಯಲ್ಲಿ ಹಿಡಿದು ಅಳಿದ ಯುಗವೊಂದನ್ನು ಊಹಿಸುವ ಪ್ರಾಕ್ತನವಿಮರ್ಶಕನು ಮಾಡುವುದೂ ಅದನ್ನೇ. ಮುದುಕಿಯಲ್ಲಿ ಆ ಊಹೆಯು ಅನುಕಂಪೆಯೊಡನೆ ಕೂಡಿಬಂದಿದೆ.

ಇನ್ನು ಇಷ್ಟೆಲ್ಲ ಓದಿದ ಮೇಲೂ ಉಳಿಯುವ ಅಶಾಂತಿಯ ಮಾತು. ಅದನ್ನು ಛಾಂದೋಗ್ಯದ ಏಳನೆಯ ಅಧ್ಯಾಯದ ನಾರದನಷ್ಟು ಪ್ರಾಮಾಣಿಕವಾಗಿ ಹೇಳಿಕೊಂಡವರು ವಿರಳ. ಉಪದೇಶಿಸೆಂದು ಬಂದ ಅವನನ್ನು ಸನತ್ಕುಮಾರನು, ನೀನು ಈವರೆಗೆ ಅರಿತುದನ್ನು ಮೊದಲು ಹೇಳು, ಅದರಿಂದ ಮುಂದಿನದನ್ನು ನಾನು ಹೇಳುವೆನೆನ್ನಲು, ನಾರದನು ತನ್ನ ವ್ಯಾಸಂಗದ ಪಟ್ಟಿಯನ್ನು ಒಪ್ಪಿಸುತ್ತಾನೆ: ನಾಲ್ಕು ವೇದಗಳು, ಐದನೆಯದಾದ ಇತಿಹಾಸಪುರಾಣ, ವ್ಯಾಕರಣ, ಪಿತೃಕರ್ಮ, ಗಣಿತ, ಉತ್ಪಾತವಿಜ್ಞಾನ, ನಿಧಿಶಾಸ್ತ್ರ, ತರ್ಕ, ನೀತಿ, ಭೂತವಿದ್ಯೆ, ಧನುರ್ವೇದ, ನಕ್ಷತ್ರವಿದ್ಯೆ, ಸರ್ಪವಿದ್ಯೆ, ಇನ್ನೂ ಕೆಲವು. ಕಥೆಯೂ ಗಣಿತವೂ ಹಾವಿನ ವಿದ್ಯೆಯೂ ಒಂದೇ ಉಸಿರಿನಲ್ಲಿ ಬರುತ್ತವೆ. ಇಷ್ಟನ್ನರಿತೂ ತಾನು ಶೋಕದಲ್ಲಿರುವೆನೆಂದೂ, ತನ್ನನ್ನು ಶೋಕದ ಆಚೆಗೆ ದಾಟಿಸಬೇಕೆಂದೂ ಅವನ ಬೇಡಿಕೆ. ಗುರುವು ಇವೆಲ್ಲ ಬರಿಯ ನಾಮವೆಂದನು; ಆದರೆ ಆ ನಾಮವನ್ನೇ ಬ್ರಹ್ಮವೆಂದು ಉಪಾಸಿಸು, ನಾಮವು ಎಲ್ಲಿಯವರೆಗೆ ಸಲ್ಲುವುದೋ ಅಲ್ಲಿಯವರೆಗೆ ನಿನಗೆ ಸ್ವಾತಂತ್ರ್ಯವುಂಟೆಂದೂ ಹೇಳಿದನು. ಅದಕ್ಕೂ ಮಿಗಿಲಾದುದು ಇದೆಯೇ ಎಂದು ನಾರದನು ಮತ್ತೆ ಮತ್ತೆ ಕೇಳಿದಂತೆ ಉತ್ತರಗಳು ಮೇಲೇರುತ್ತವೆ: ವಾಕ್ಕು, ಮನಸ್ಸು, ಸಂಕಲ್ಪ, ಚಿತ್ತ, ಧ್ಯಾನ, ವಿಜ್ಞಾನ. ವಿಜ್ಞಾನದ ಮೇಲೆ ಬರುವುದಾವುದು? ಬಲ, ಬಲಶಾಲಿಯೊಬ್ಬನು ನೂರು ಮಂದಿ ವಿದ್ವಾಂಸರನ್ನು ನಡುಗಿಸಬಲ್ಲನು. ಅದರ ಮೇಲೆ ಅನ್ನ, ನೀರು, ತೇಜಸ್ಸು, ಆಕಾಶ, ಅವುಗಳ ಮೇಲೆ ಸ್ಮರಣೆ, ಆಶೆ, ಆಮೇಲೆ ಪ್ರಾಣ.

ಈ ಸೋಪಾನಕ್ರಮಕ್ಕೆ ಭಾಷ್ಯಕಾರರು ಕೊಟ್ಟ ಸಂಗತಿಗಳು ಬೇರೆಯಾಗಿವೆ. ಓದುಗನೆಂಬ ಅಧಿಕಾರದಿಂದಷ್ಟೇ ನನಗೆ ತೋರಿದುದನ್ನು ಹೇಳುವೆನು. ಪುಸ್ತಕಗಳಿಂದ ತುಂಬಿದ ಶಿಷ್ಯನ ಮುಖವನ್ನು ಗುರುವು ಮೊದಲು ಅನ್ನ ನೀರು ಬೆಂಕಿ ಆಕಾಶಗಳ ಕಡೆಗೆ, ಎಂದರೆ ಇರುವ ಜಗತ್ತಿನ ಕಡೆಗೆ ತಿರುಗಿಸುತ್ತಾನೆ. ಅನಂತರ ಸ್ಮರಣೆ ಆಶೆಗಳ ಕಡೆಗೆ, ಎಂದರೆ ಜೀವರು ಹಿಂದನ್ನು ನೆನೆದು ಮುಂದನ್ನು ಬಯಸಿ ಬದುಕುವ ಒಳಜಗತ್ತಿನ ಕಡೆಗೆ. ಒಂದು ಎಲ್ಲ ಶಾಸ್ತ್ರಗಳ ವಿಷಯ, ಇನ್ನೊಂದು ಎಲ್ಲ ಕಥೆಗಳ ವಿಷಯ. ನಾರದನು ಎರಡನ್ನೂ ನಾಮರೂಪದಲ್ಲಿ ಓದಿದ್ದನು. ಈಗ ಅವನ್ನು ನಾಮವನ್ನು ದಾಟಿ ನೋಡಬೇಕಾಯಿತು. ಪ್ರಾಣದ ಮಾತು ಬಂದಾಗ ಶಿಷ್ಯನ ಪ್ರಶ್ನೆ ನಿಂತುಹೋಗುತ್ತದೆ. ಇದಕ್ಕೂ ಮಿಗಿಲಾದುದುಂಟೇ ಎಂದು ಅವನು ಕೇಳುವುದಿಲ್ಲ. ಅಷ್ಟರಲ್ಲಿಯೇ ಅವನು ತೃಪ್ತನಾದನು. ಆಗ ಗುರುವು, ಕೇಳದಿದ್ದರೂ, ತಾನಾಗಿಯೇ ಮುಂದುವರಿದು, ಸತ್ಯವನ್ನು ಅರಿಯಬಯಸಬೇಕೆಂದು ಹೇಳಿ, ಶಿಷ್ಯನ ಬಾಯಲ್ಲಿ ಹೊಸ ಪ್ರಶ್ನೆಗಳನ್ನು ಹುಟ್ಟಿಸಿ, ಮನನ ಶ್ರದ್ಧೆ ನಿಷ್ಠೆಗಳ ದಾರಿಯಿಂದ ಭೂಮವೆಂಬ ನಿರತಿಶಯಸುಖದವರೆಗೆ ಕರೆದೊಯ್ಯುತ್ತಾನೆ. ಎಂತಹ ಕುತೂಹಲಿಯ ಕುತೂಹಲವೂ ಒಂದೆಡೆಯಲ್ಲಿ ಸಾಕೆನ್ನುವುದು. ಆ ಎಡೆಯನ್ನು ದಾಟಿಸುವ ಕೆಲಸವನ್ನು ಪುಸ್ತಕವು ತಾನೊಂದೇ ಮಾಡಲಾರದೆಂಬುದನ್ನು ನಾನು ಮರೆಮಾಚುವುದಿಲ್ಲ.

ಆ ಅಧ್ಯಾಯದ ಕೊನೆಯಲ್ಲಿ ಸನತ್ಕುಮಾರನು ಆಹಾರಶುದ್ಧಿಯಿಂದ ಸತ್ತ್ವಶುದ್ಧಿಯೆಂದೂ, ಅದರಿಂದ ನಿಶ್ಚಲವಾದ ಸ್ಮೃತಿಯೆಂದೂ, ಅದರಿಂದ ಗ್ರಂಥಿಗಳೆಲ್ಲವುಗಳ ಬಿಡುಗಡೆಯೆಂದೂ ಉಪದೇಶಿಸುತ್ತಾನೆ. ಇಲ್ಲಿ ಆಹಾರವೆಂದರೆ ಉಣ್ಣುವ ಅನ್ನವೇ ಎಂಬುದು ರಾಮಾನುಜರ ಮತ. ಇಂದ್ರಿಯಗಳಿಂದ ಒಳಕ್ಕೆ ಬರುವ ಶಬ್ದಾದಿವಿಷಯಗಳ ಅರಿವೇ ಆಹಾರ, ಅದನ್ನು ರಾಗದ್ವೇಷಮೋಹಗಳ ಸೋಂಕಿಲ್ಲದೆ ಸ್ವೀಕರಿಸುವುದೇ ಶುದ್ಧಿ ಎಂಬುದು ಶಂಕರರ ಮತ. ಎರಡಕ್ಕೂ ಆಧಾರವುಂಟು, ಎರಡನ್ನೂ ಅನುಷ್ಠಿಸಿದ ಮಹಾತ್ಮರುಂಟು. ಓದಿನ ವಿಷಯದಲ್ಲಿ ನನಗೆ ದಾರಿ ತೋರಿದುದು ಎರಡನೆಯದು. ಶುದ್ಧಿಯು ಪುಸ್ತಕಗಳ ಆಯ್ಕೆಯಲ್ಲಿ ಮುಗಿಯುವುದಾಗಿದ್ದರೆ, ಧರ್ಮಗ್ರಂಥಗಳ ಪಟ್ಟಿಯೊಂದನ್ನು ಬರೆದು ಉಳಿದುದಕ್ಕೆ ಬೀಗ ಹಾಕಿದರೆ ಸಾಕಾಗಿತ್ತು. ಆದರೆ ಗೀತೆಯನ್ನು ಮತ್ಸರದಿಂದ ಓದುವುದೂ ಸಾಧ್ಯ, ಎರೆಹುಳುವಿನ ಪುಸ್ತಕವನ್ನು ವಿನಯದಿಂದ ಓದುವುದೂ ಸಾಧ್ಯ. ವಸ್ತುವಿನ ಮುಂದೆ ತಾಳ್ಮೆಯನ್ನೂ, ಅನ್ಯಜೀವದ ಮುಂದೆ ಮೃದುತ್ವವನ್ನೂ ದಿನದಿನವೂ ಅಭ್ಯಾಸಮಾಡಿದವನಲ್ಲಿ ಕಷಾಯವು, ಎಂದರೆ ಚಿತ್ತಕ್ಕೆ ಹತ್ತಿದ ರಾಗದ್ವೇಷಗಳ ಬಣ್ಣವು, ಸ್ವಲ್ಪಸ್ವಲ್ಪವಾಗಿ ಕಳೆಯುವುದೆಂಬ ಭರವಸೆ ನನಗುಂಟು. ಅದು ಕಳೆದ ಮೇಲೆಯೇ ನಾರದನಿಗೆ ಗುರುವು ತಮಸ್ಸಿನ ಆಚೆಯ ದಡವನ್ನು ತೋರಿದನೆಂದು ಉಪನಿಷತ್ತು ಹೇಳುತ್ತದೆ. ಆಗಲೂ, ಅವನು ಓದಿದ್ದ ವಿದ್ಯೆಗಳಲ್ಲಿ ಒಂದನ್ನಾದರೂ ಮರೆತುಬಿಡೆಂದು ಸನತ್ಕುಮಾರನು ಹೇಳಿದುದಿಲ್ಲ.